ವ್ರಣಸ್ರಾವ ವಿಚಾರ

ಗಾಯದಿಂದ ಒಸರುವ ದ್ರವವೆಲ್ಲವೂ ಕೀವಲ್ಲ; ಕೀವು ಬಂದ ಮಾತ್ರಕ್ಕೆ ಗಾಯವು ಮಾಯುತ್ತಿದೆಯೆಂದು ಹೇಳುವಂತೆಯೂ ಇಲ್ಲ. ಈ ವಿಷಯವು ವೈದ್ಯಕ್ಕೆ ಸೇರಿದುದಾದರೂ ಶಬ್ದಾರ್ಥ ವಿಚಾರಕ್ಕೆ ದೂರವಾದುದಲ್ಲ; ಏಕೆಂದರೆ ರೋಗಿಯು ತನ್ನ ಗಾಯದ ಸ್ಥಿತಿಯನ್ನು ವೈದ್ಯನಿಗೆ ತಿಳಿಸುವುದು ದೇಶಭಾಷೆಯ ಮಾತುಗಳಿಂದಲೇ.

ಬಾದನಹಟ್ಟಿಯು ಸೇರಿರುವ ಬಳ್ಳಾರಿ ಸೀಮೆಯಲ್ಲಿ ಕನ್ನಡ ತೆಲುಗುಗಳೆರಡೂ ಬಳಕೆಯಲ್ಲಿವೆ. ಹಳಗನ್ನಡದ ಪುಣ್ ಎಂಬುದು ಹೊಸಗನ್ನಡದಲ್ಲಿ ಹುಣ್ಣಾಯಿತು. ತೆಲುಗಿನಲ್ಲಿ ಅದು ಪುಂಡು. ನಮ್ಮ ಕೀವು ತೆಲುಗಿನಲ್ಲಿ ಚೀಮು. ಕಿವಿಗೆ ಚೆವಿ, ಕೆರೆಗೆ ಚೆರುವು ಎಂಬಲ್ಲಿ ಕಾಣುವ ಕಕಾರ ಚಕಾರಗಳ ವ್ಯತ್ಯಾಸವೇ ಇಲ್ಲಿಯೂ ಇರುವುದು. ಆದುದರಿಂದ ಹುಣ್ಣು, ಕೀವು ಎಂಬಿವು ಸಂಸ್ಕೃತದ ವ್ರಣ, ಪೂಯ ಶಬ್ದಗಳಿಂದ ಹುಟ್ಟಿದುವಲ್ಲ. ದ್ರಾವಿಡ ಭಾಷೆಗಳ ಸ್ವಂತ ಸೊತ್ತು. ಇವಲ್ಲದೆ ರಸಿಗೆ, ನಂಜು, ಹಕ್ಕಳೆ, ಮಾಯು, ಕಲೆ ಮೊದಲಾದ ಮಾತುಗಳೂ ಕನ್ನಡದಲ್ಲಿ ಉಂಟು. ಇವುಗಳಲ್ಲಿ ರಸಿಗೆ, ಕೀವುಗಳು ಬಳಕೆಯಲ್ಲಿ ಒಂದರೊಡನೊಂದು ಬೆರೆಯುತ್ತವೆ. ತೊಡಕು ಇರುವುದು ಅಲ್ಲಿಯೇ.

ಪ್ರಾಚೀನರು ಈ ಭೇದವನ್ನು ಕಡೆಗಣಿಸಿರಲಿಲ್ಲ. ಸುಶ್ರುತಸಂಹಿತೆಯ ಸೂತ್ರಸ್ಥಾನದ ೨೨ನೆಯ ಅಧ್ಯಾಯವು ವ್ರಣಸ್ರಾವದ ವಿಚಾರಕ್ಕಾಗಿಯೇ ಮೀಸಲಾಗಿದೆ. ಚರ್ಮ, ಮಾಂಸ, ಸಿರೆ, ಸ್ನಾಯು, ಅಸ್ಥಿ, ಸಂಧಿ, ಕೋಷ್ಠ, ಮರ್ಮ ಎಂದು ವ್ರಣಕ್ಕೆ ೮ ಆಶ್ರಯಗಳನ್ನು ಹೇಳಿ, ಆಯಾ ಸ್ಥಾನಕ್ಕೆ ತಕ್ಕಂತೆ ಸ್ರಾವವು ಬೇರೆಯಾಗುವುದೆಂದು ಅಲ್ಲಿ ನಿರೂಪಿಸಿದೆ: ಚರ್ಮದ ಗಾಯದ ಸ್ರಾವವು ನೀರಿನಂತೆ ತೆಳುವಾದುದು, ಮಾಂಸದ ಗಾಯದ್ದು ತುಪ್ಪದಂತೆ ಮಂದವಾದುದು. ೧೭ನೆಯ ಅಧ್ಯಾಯದಲ್ಲಿ ಬಾವಿಗೆ ಆಮ, ಪಚ್ಯಮಾನ, ಪಕ್ವ ಎಂಬ ಮೂರು ಅವಸ್ಥೆಗಳನ್ನು ಹೇಳಿದೆ. ಕುರು ಹಣ್ಣಾಯಿತು ಎಂಬ ಕನ್ನಡದ ನುಡಿಯಲ್ಲಿರುವುದೂ ಈ ಪಕ್ವಾವಸ್ಥೆಯೇ.

ಇಂದಿನ ಶಾಸ್ತ್ರವು ಇದರ ಕಾರಣವನ್ನು ವಿವರಿಸುತ್ತದೆ. ಚರ್ಮವು ಹರಿದೊಡನೆ ರಕ್ತವು ಹೆಪ್ಪುಗಟ್ಟುವುದು. ಬಳಿಕ ಸುತ್ತಣ ಸಣ್ಣ ರಕ್ತನಾಳಗಳು ಹಿಗ್ಗಿ, ರಕ್ತದ ತಿಳಿನೀರೂ ಬಿಳಿಯ ಕಣಗಳೂ ಗಾಯದೊಳಕ್ಕೆ ಇಳಿಯುವುವು. ಮೊದಲ ಕೆಲವು ದಿನಗಳಲ್ಲಿ ತಿಳಿಯಾಗಿ ಇಲ್ಲವೆ ನಸುಗೆಂಪಾಗಿ ಒಸರಿ ದಿನದಿನಕ್ಕೆ ಕಡಮೆಯಾಗುವ ರಸಿಗೆಯು ಇದೇ. ಇದು ದೇಹದ ರಕ್ಷಣಾಕಾರ್ಯದ ಅಂಗ. ಕೀವು ಹಾಗಲ್ಲ. ಅದು ಸೂಕ್ಷ್ಮಜೀವಿಗಳೊಡನೆ ಹೋರಾಡಿ ಸತ್ತ ಬಿಳಿಯ ಕಣಗಳೂ ಕರಗಿದ ಮಾಂಸಾಂಶವೂ ಕೂಡಿದ ಮಂದದ್ರವ. ಯೂರೋಪಿನಲ್ಲಿ ಕೀವನ್ನು ಗಾಯ ಮಾಯುವುದರ ಶುಭಲಕ್ಷಣವೆಂದು ಬಹುಕಾಲ ಎಣಿಸುತ್ತಿದ್ದರು. ೧೩ನೆಯ ಶತಮಾನದಲ್ಲಿ ಇಟಲಿಯ ಥಿಯೊಡೊರಿಕನು ಇದನ್ನು ಅಲ್ಲಗಳೆದನಾದರೂ, ೧೮೬೭ರಲ್ಲಿ ಲಿಸ್ಟರನು ಕಾರ್ಬಾಲಿಕ್ ಆಮ್ಲದ ಪ್ರಯೋಗಫಲವನ್ನು ಪ್ರಕಟಿಸಿದ ಮೇಲೆಯೇ ಆ ಭ್ರಮೆಯು ಅಳಿಯತೊಡಗಿತು.

ಆರೈಕೆಯ ಕ್ರಮವು ಈ ವಿವೇಚನೆಯನ್ನೇ ಅನುಸರಿಸುವುದು. ಕೈ ತೊಳೆದುಕೊಂಡು, ಶುದ್ಧವಾದ ನೀರಿನಿಂದ ಗಾಯದ ಮಣ್ಣನ್ನು ತೆಗೆದು, ಒಗೆದ ಬಟ್ಟೆಯಿಂದಾಗಲಿ ಔಷಧಾಲಯದ ಪಟ್ಟಿಯಿಂದಾಗಲಿ ಮುಚ್ಚಬೇಕು. ಪಟ್ಟಿಯು ನೆನೆದರೆ ಬದಲಿಸಬೇಕು. ಬೂದಿ, ಸಗಣಿ, ಮಣ್ಣುಗಳನ್ನು ಹಚ್ಚಲಾಗದು. ಗದ್ದೆಯಲ್ಲಿ ಕುಡುಗೋಲು ತಗುಲಿದವರೂ ಮುಳ್ಳು ತುಳಿದವರೂ ಧನುರ್ವಾಯುವಿನ ಚುಚ್ಚುಮದ್ದಿನ ವಿಷಯವನ್ನು ವೈದ್ಯರಲ್ಲಿ ಕೇಳುವುದು ಅವಶ್ಯ. ಗಾಯವನ್ನು ಗಾಳಿಗೆ ಒಣಗಿಸಬೇಕೆಂಬ ನಂಬಿಕೆಯೂ ಪೂರ್ತಿಯಾಗಿ ನಿಲ್ಲತಕ್ಕುದಲ್ಲ. ಹದವಾದ ತೇವವಿರುವ ಗಾಯದ ಮೇಲೆ ಹೊಸ ಚರ್ಮವು ಬೇಗ ಹಬ್ಬುವುದೆಂದು ೧೯೬೨ರಲ್ಲಿ ಜಾರ್ಜ್ ವಿಂಟರನು ಹಂದಿಗಳ ಮೇಲಣ ಪ್ರಯೋಗದಿಂದ ತೋರಿಸಿದನು. ಕೆಂಪಾದ ಮಾಂಸಾಂಕುರಗಳು ಮೂಡಿ ಅಂಚುಗಳು ಒಳಕ್ಕೆ ಸರಿಯುವುದು ಮಾಯುವಿಕೆಯ ಲಕ್ಷಣ. ಮಾಯ್ದ ಚರ್ಮಕ್ಕೆ ಮೊದಲಿನ ಬಲದಲ್ಲಿ ಹೆಚ್ಚೆಂದರೆ ನೂರಕ್ಕೆ ಸುಮಾರು ೮೦ ಭಾಗ ಮಾತ್ರ ಮರಳುವುದು. ಅದೂ ತಿಂಗಳುಗಳ ಮೇಲೆ.

ಕಡಮೆಯಾಗುತ್ತಿದ್ದ ಸ್ರಾವವು ಮತ್ತೆ ಹೆಚ್ಚಿದರೆ, ಮಂದವಾಗಿ ಹಳದಿ ಅಥವಾ ಹಸುರು ಬಣ್ಣಕ್ಕೆ ತಿರುಗಿದರೆ, ದುರ್ಗಂಧ ಬಂದರೆ, ನೋವು ಬಾವು ಕೆಂಪುಗಳು ಹರಡಿದರೆ, ಜ್ವರ ಬಂದರೆ ತಡಮಾಡದೆ ವೈದ್ಯನನ್ನು ಕಾಣಬೇಕು. ಕೀವುಗಟ್ಟಿದ ಕುರುವನ್ನು ಹಿಸುಕದೆ ವೈದ್ಯನ ಕೈಯಿಂದಲೇ ಬಿಡಿಸಬೇಕು. ಮಧುಮೇಹಿಗಳ ಕಾಲಿನಲ್ಲಿ ಸ್ಪರ್ಶಜ್ಞಾನವು ಕುಂದಿರುವುದುಂಟಾದ್ದರಿಂದ ನೋವಿಲ್ಲವೆಂದು ಸುಮ್ಮನಿರುವುದು ಅಪಾಯಕರ.

ಬಳ್ಳಾರಿಯಲ್ಲಿ ವೈದ್ಯಕೀಯ ಕಾಲೇಜು ೧೯೬೧ರಲ್ಲಿ ಸ್ಥಾಪಿತವಾಯಿತು. ಅಂತಹ ವಿದ್ಯಾಲಯಗಳಲ್ಲಿ ಇಂಗ್ಲಿಷಿನಲ್ಲಿ ಕಲಿತ ವೈದ್ಯನು ಗಾಯದಿಂದ ಏನು ಬರುತ್ತಿದೆಯೆಂದು ಕೇಳಿದಾಗ, ತಿಳಿಯಾದ ರಸಿಗೆಯನ್ನು ಕೀವೆಂದರೆ ಬೇಡದ ಔಷಧಕ್ಕೂ, ನಾರುವ ತೆಳುಗೀವನ್ನು ನೀರೆಂದರೆ ಪ್ರಾಣಾಪಾಯಕರವಾದ ವಿಳಂಬಕ್ಕೂ ಎಡೆಯಾದೀತು. ಆದುದರಿಂದ ರಸಿಗೆ, ಕೀವು ಎಂಬ ಪದಗಳನ್ನು ಪಾಠಪುಸ್ತಕಗಳಲ್ಲಿಯೂ ನಿಘಂಟುಗಳಲ್ಲಿಯೂ ಬೇರೆಬೇರೆ ಅರ್ಥಗಳಲ್ಲಿ ನೆಲೆಗೊಳಿಸುವುದು ಯುಕ್ತ. ಜಗದ್ದಳ ಸೋಮನಾಥನು ವೈದ್ಯವನ್ನು ಕನ್ನಡಕ್ಕೆ ತಂದ ಕಾಲದಿಂದಲೂ ಈ ಭಾಷೆಗೆ ಆ ಶಕ್ತಿಯುಂಟು. ಅದನ್ನು ಬಳಕೆಯಲ್ಲಿ ಉಳಿಸುವ ಹೊಣೆ ಉಪಾಧ್ಯಾಯರದು.