ಕಾಣದ್ದನ್ನು ಕಲಿಸುವುದು: ಸಿ. ವಿ. ವಿಶ್ವೇಶ್ವರ ಅವರ ಪ್ರಶ್ನೆಯಿಂದ ಒಂದು ಪಾಠ

ಬೋಧನಾಭ್ಯಾಸದ ಅವಧಿಯಲ್ಲಿ ನಾನು ಅವಲೋಕಿಸುವ ವಿಜ್ಞಾನ ಪಾಠಗಳಲ್ಲಿ ವಿಜ್ಞಾನಿಗಳ ಪರಿಚಯ ಬಹುತೇಕ ಒಂದೇ ಅಚ್ಚಿನಲ್ಲಿರುತ್ತದೆ. ಹುಟ್ಟಿದ ಊರು, ಓದಿದ ಕಾಲೇಜು, ಪಡೆದ ಪ್ರಶಸ್ತಿ: ಕಪ್ಪುಹಲಗೆಯ ಮೇಲೆ ನಾಲ್ಕು ಸಾಲು, ಮಕ್ಕಳ ನೋಟ್‌ಬುಕ್ಕಿನಲ್ಲಿ ಅದೇ ನಾಲ್ಕು ಸಾಲು. ಸೈದ್ಧಾಂತಿಕ ಭೌತವಿಜ್ಞಾನಿಯ ವಿಷಯದಲ್ಲಂತೂ ಕಷ್ಟ ಇನ್ನೂ ಹೆಚ್ಚು. ತೋರಿಸಲು ಉಪಕರಣವಿಲ್ಲ, ಇರುವುದು ಸಮೀಕರಣ, ಅದು ಪ್ರೌಢಶಾಲೆಯ ಮಕ್ಕಳಿಗೆ ಎಟುಕುವಂಥದ್ದಲ್ಲ. ಹಾಗಾದರೆ ಏನನ್ನು ಕಲಿಸಬೇಕು? ಆ ವಿಜ್ಞಾನಿ ಕೇಳಿಕೊಂಡ ಪ್ರಶ್ನೆಯನ್ನು ಕಲಿಸಬಹುದು ಎಂಬುದು ನನ್ನ ಅಭಿಪ್ರಾಯ. ನಮ್ಮವರೇ ಆದ ಸಿ. ವಿ. ವಿಶ್ವೇಶ್ವರ ಅವರ ಕೆಲಸ ಇದಕ್ಕೆ ಒಳ್ಳೆಯ ಉದಾಹರಣೆ.

ವಿಶ್ವೇಶ್ವರ ಅವರು 1938ರಲ್ಲಿ ಬೆಂಗಳೂರಿನಲ್ಲಿ ಹುಟ್ಟಿದರು. ತಂದೆ ಕನ್ನಡದ ಲೇಖಕ ಸಿ. ಕೆ. ವೆಂಕಟರಾಮಯ್ಯ. ಮೈಸೂರು ವಿಶ್ವವಿದ್ಯಾನಿಲಯದ ಎಂ.ಎಸ್ಸಿ. ಪದವಿಯ ನಂತರ ಅಮೆರಿಕಕ್ಕೆ ಹೋಗಿ, ಮೇರಿಲ್ಯಾಂಡ್ ವಿಶ್ವವಿದ್ಯಾನಿಲಯದಲ್ಲಿ ಚಾರ್ಲ್ಸ್ ಮಿಸ್ನರ್ ಅವರ ಮಾರ್ಗದರ್ಶನದಲ್ಲಿ ಪಿಎಚ್.ಡಿ. ಮಾಡಿದರು. ಅವರು ಸಂಶೋಧನೆ ಆರಂಭಿಸಿದಾಗ ‘ಬ್ಲ್ಯಾಕ್ ಹೋಲ್’ ಎಂಬ ಹೆಸರೇ ಇನ್ನೂ ಬಳಕೆಗೆ ಬಂದಿರಲಿಲ್ಲ. ಐನ್‌ಸ್ಟೈನರ ಸಮೀಕರಣಗಳು ಅಂಥದ್ದೊಂದು ವಸ್ತು ಇರಬಹುದು ಎನ್ನುತ್ತಿದ್ದವು, ಅಷ್ಟೆ.

ಅವರ ಮುಂದಿದ್ದ ಮೊದಲ ಪ್ರಶ್ನೆ: ಕಪ್ಪುಕುಳಿ ಸ್ಥಿರವಾಗಿ ಉಳಿಯಬಲ್ಲದೇ? ಇದನ್ನು ತರಗತಿಯಲ್ಲಿ ಹೀಗೆ ವಿವರಿಸಬಹುದು. ಪೆನ್ಸಿಲನ್ನು ಮೊನೆಯ ಮೇಲೆ ನಿಲ್ಲಿಸುವುದು ಲೆಕ್ಕದ ಪ್ರಕಾರ ಸಾಧ್ಯ. ಆದರೆ ಸ್ವಲ್ಪ ಗಾಳಿ ಬೀಸಿದರೂ ಬಿದ್ದುಹೋಗುತ್ತದೆ. ಬಟ್ಟಲಿನೊಳಗಿನ ಗೋಲಿಯನ್ನು ತಳ್ಳಿದರೆ ಅತ್ತಿತ್ತ ಉರುಳಿ ಮತ್ತೆ ತಳಕ್ಕೇ ಬಂದು ನಿಲ್ಲುತ್ತದೆ. ಕಪ್ಪುಕುಳಿ ಪೆನ್ಸಿಲಿನಂತೆಯೋ, ಗೋಲಿಯಂತೆಯೋ? ಸ್ವಭ್ರಮಣೆಯಿಲ್ಲದ ಕಪ್ಪುಕುಳಿಯನ್ನು ಸ್ವಲ್ಪ ಕದಡಿದರೆ ಆ ಕದಡಿಕೆ ಬೆಳೆಯದೆ ಅಡಗುತ್ತದೆ ಎಂದು ವಿಶ್ವೇಶ್ವರ ಲೆಕ್ಕದಿಂದ ತೋರಿಸಿದರು.

ಎರಡನೆಯ ಪ್ರಶ್ನೆ ಇನ್ನೂ ಸರಳ, ಇನ್ನೂ ಆಳ. ಬೆಳಕನ್ನೇ ಹೊರಬಿಡದ, ಒಂಟಿಯಾಗಿರುವ ವಸ್ತು ಅಲ್ಲಿದೆ ಎಂದು ತಿಳಿಯುವುದು ಹೇಗೆ? ಅದರ ಮೇಲೆ ಏನನ್ನಾದರೂ ಹಾಯಿಸಿ, ಮರಳಿ ಬರುವುದನ್ನು ಗಮನಿಸಬೇಕು. ಅವರು ಗಣಕಯಂತ್ರದ ಲೆಕ್ಕದಲ್ಲಿ ಕಪ್ಪುಕುಳಿಯತ್ತ ಗುರುತ್ವ ಅಲೆಯ ತುಣುಕುಗಳನ್ನು ಕಳಿಸಿದರು. ಅಲೆಯ ತುಣುಕು ಸಾಕಷ್ಟು ಕಿರಿದಾದಾಗ, ಗಂಟೆ ಬಾರಿಸಿದಂತೆ ಒಂದು ನಿರ್ದಿಷ್ಟ ಆವೃತ್ತಿಯಲ್ಲಿ ಕಂಪಿಸಿ ಬೇಗನೆ ಅಡಗುವ ಅಲೆ ಹೊರಬಂತು. ಈ ಫಲಿತಾಂಶ 1970ರಲ್ಲಿ ‘ನೇಚರ್’ ಪತ್ರಿಕೆಯಲ್ಲಿ ಪ್ರಕಟವಾಯಿತು. ಇಂಥ ಕಂಪನಗಳಿಗೆ ಮುಂದೆ ‘ಕ್ವಾಸಿ-ನಾರ್ಮಲ್ ಮೋಡ್’ ಎಂಬ ಹೆಸರು ಬಂತು.

2015ರ ಸೆಪ್ಟೆಂಬರ್ 14ರಂದು ಅಮೆರಿಕದ ಲೈಗೋ ಉಪಕರಣಗಳು ಮೊದಲ ಬಾರಿಗೆ ಗುರುತ್ವ ಅಲೆಯನ್ನು ದಾಖಲಿಸಿದವು. ಸೂರ್ಯನ ಸುಮಾರು 36 ಪಟ್ಟು ಮತ್ತು 29 ಪಟ್ಟು ರಾಶಿಯ ಎರಡು ಕಪ್ಪುಕುಳಿಗಳು ಸೇರಿ 62 ಪಟ್ಟಿನ ಒಂದು ಕುಳಿಯಾಗಿತ್ತು. ಸಂಕೇತದ ಕೊನೆಯ ಭಾಗ, ಗಂಟೆಯ ನಾದ ಅಡಗುವಂತೆ, ಸಿದ್ಧಾಂತ ಹೇಳಿದ ರೀತಿಗೆ ಹೊಂದುತ್ತಿತ್ತು. 2016ರ ಫೆಬ್ರವರಿಯಲ್ಲಿ ಇದು ಪ್ರಕಟವಾದಾಗ ವಿಶ್ವೇಶ್ವರ ಅವರಿಗೆ 77 ವರ್ಷ. ಮರುವರ್ಷ ಜನವರಿಯಲ್ಲಿ ಅವರು ತೀರಿಕೊಂಡರು.

ಇದನ್ನು ಒಂಬತ್ತನೇ ತರಗತಿಯ ‘ಶಬ್ದ’ ಪಾಠದ ಜೊತೆ ಜೋಡಿಸಬಹುದು. ನಾನು ಪ್ರಶಿಕ್ಷಣಾರ್ಥಿಗಳಿಗೆ ಸೂಚಿಸುವ ಕ್ರಮ ಹೀಗಿದೆ. ಮೇಜಿನ ಮುಂದೆ ಒಂದು ಪರದೆ ಕಟ್ಟಿ, ಅದರ ಹಿಂದೆ ಸ್ಟೀಲ್ ಲೋಟ, ದೊಡ್ಡ ಬಿಂದಿಗೆ, ಮಣ್ಣಿನ ಮಡಕೆ ಇಡಿ. ಒಂದೊಂದನ್ನೇ ಚಮಚದಿಂದ ತಟ್ಟಿ, ಯಾವುದೆಂದು ಕೇಳಿ. ಮಕ್ಕಳು ಸುಲಭವಾಗಿ ಹೇಳುತ್ತಾರೆ. ಆಮೇಲೆ ಮುಖ್ಯ ಪ್ರಶ್ನೆ ಕೇಳಿ: ‘ನೋಡದೆ ಹೇಗೆ ಗೊತ್ತಾಯಿತು?’ ಸಂತೆಯಲ್ಲಿ ಮಡಕೆಯನ್ನು ಬೆರಳಿನಿಂದ ತಟ್ಟಿ ಬಿರುಕು ಪತ್ತೆಮಾಡುವುದನ್ನು ಯಾರಾದರೂ ನೆನಪಿಸಿಕೊಳ್ಳಬಹುದು. ವಸ್ತು ಕಾಣದಿದ್ದರೂ ಅದರ ನಾದ ಅದರ ಗುಣವನ್ನು ಹೇಳುತ್ತದೆ ಎಂಬ ಮಾತು ಮಕ್ಕಳ ಬಾಯಿಂದಲೇ ಬರಲಿ. ವಿಶ್ವೇಶ್ವರ ಅವರ ಹೆಸರು ಆಮೇಲೆ ಬರಲಿ.

ಲೆಕ್ಕಕ್ಕೂ ಇಲ್ಲಿ ಅವಕಾಶವಿದೆ. 36 ಮತ್ತು 29 ಸೇರಿದರೆ 65 ಆಗಬೇಕು; ಉಳಿದ 3 ಎಲ್ಲಿ ಹೋಯಿತು? ಅದು ಗುರುತ್ವ ಅಲೆಗಳ ಶಕ್ತಿಯಾಗಿ ಹೊರಹೋಯಿತು. 62 ಪಟ್ಟು ರಾಶಿಯ ಆ ಕುಳಿಯ ಕಂಪನದ ಆವೃತ್ತಿ ಸುಮಾರು 250 ಹರ್ಟ್ಸ್. ಸ್ವಭ್ರಮಣೆ ಅಷ್ಟೇ ಇದ್ದು ರಾಶಿ ಇಮ್ಮಡಿಯಾದರೆ ಆವೃತ್ತಿ ಅರ್ಧವಾಗುತ್ತದೆ. ಎಷ್ಟೆಂದು ಮಕ್ಕಳೇ ಲೆಕ್ಕ ಹಾಕಲಿ.

ಹೋಲಿಕೆಯ ಮಿತಿಯನ್ನು ಪಾಠಯೋಜನೆಯಲ್ಲೇ ಬರೆದುಕೊಳ್ಳಬೇಕು. ಇಲ್ಲದಿದ್ದರೆ ಬಾಹ್ಯಾಕಾಶದಲ್ಲಿ ಶಬ್ದ ಸಾಗುತ್ತದೆ ಎಂಬ ತಪ್ಪು ಕಲ್ಪನೆಯನ್ನು ನಾವೇ ಬಿತ್ತಿದಂತಾಗುತ್ತದೆ. ಗಂಟೆಯಲ್ಲಿ ಕಂಪಿಸುವುದು ಲೋಹ. ಅದರ ನಾದ ಸಾಗಲು ಗಾಳಿ ಬೇಕು. ಕಪ್ಪುಕುಳಿಗೆ ಗಟ್ಟಿ ಮೇಲ್ಮೈ ಇಲ್ಲ, ಕಂಪಿಸುವುದು ದೇಶಕಾಲವೇ. ಗಂಟೆಯ ನಾದ ಆಕಾರ, ದಪ್ಪ, ಲೋಹ ಎಲ್ಲವನ್ನೂ ಅವಲಂಬಿಸುತ್ತದೆ. ಕಪ್ಪುಕುಳಿಯದು ಮುಖ್ಯವಾಗಿ ರಾಶಿ ಮತ್ತು ಸ್ವಭ್ರಮಣೆಯನ್ನು ಮಾತ್ರ. ಗಂಟೆ ಕೆಲವು ಸೆಕೆಂಡು ಮೊಳಗುತ್ತದೆ. ಆ ಕುಳಿಯ ಕಂಪನ ಕೆಲವೇ ಮಿಲಿಸೆಕೆಂಡುಗಳಲ್ಲಿ ಅಡಗಿತು.

ವಿಶ್ವೇಶ್ವರ ಅವರು ಸ್ವತಃ ಒಳ್ಳೆಯ ಶಿಕ್ಷಕರೂ ಆಗಿದ್ದರು ಎಂಬುದನ್ನು ನಾವು ವಿಶೇಷವಾಗಿ ಗಮನಿಸಬೇಕು. ಭಾರತಕ್ಕೆ ಮರಳಿ ರಾಮನ್ ಸಂಶೋಧನಾ ಸಂಸ್ಥೆ ಮತ್ತು ಭಾರತೀಯ ಖಗೋಳ ಭೌತವಿಜ್ಞಾನ ಸಂಸ್ಥೆಗಳಲ್ಲಿ ಕೆಲಸ ಮಾಡಿದ ಅವರು, 1989ರಲ್ಲಿ ಆರಂಭವಾದ ಬೆಂಗಳೂರಿನ ಜವಾಹರಲಾಲ್ ನೆಹರೂ ತಾರಾಲಯದ ಸ್ಥಾಪಕ ನಿರ್ದೇಶಕರು. ವಿಜ್ಞಾನ ಸಮ್ಮೇಳನಗಳಿಗಾಗಿ ವ್ಯಂಗ್ಯಚಿತ್ರ ಬರೆಯುತ್ತಿದ್ದರು, ಕಪ್ಪುಕುಳಿಗಳ ವಿಚಾರವನ್ನು ಕಥೆಯ ರೂಪದಲ್ಲಿ ಪುಸ್ತಕವಾಗಿಸಿದರು. ಕಠಿಣ ಗಣಿತ ಬಲ್ಲವರು ಸರಳವಾಗಿ ಹೇಳುವುದನ್ನು ಕೀಳೆಂದು ಭಾವಿಸಲಿಲ್ಲ.

ಕೊನೆಗೆ ಮೌಲ್ಯಮಾಪನ. ‘ವಿಶ್ವೇಶ್ವರ ಎಲ್ಲಿ ಹುಟ್ಟಿದರು?’ ಎಂದು ಕೇಳಿದರೆ ಪಾಠ ಮತ್ತೆ ಹಳೆಯ ಅಚ್ಚಿಗೇ ಬೀಳುತ್ತದೆ. ಬದಲಿಗೆ ಹೀಗೆ ಕೇಳಿ: ‘ಕಣ್ಣಿಗೆ ಕಾಣದ ಒಂದು ವಸ್ತುವನ್ನು ಹೆಸರಿಸಿ, ಅದು ಇದೆ ಎಂದು ತಿಳಿಯಲು ನೀವು ಏನು ಮಾಡುತ್ತೀರಿ?’ ಗಾಳಿ, ಅಯಸ್ಕಾಂತದ ಸೆಳೆತ, ನೆಲದೊಳಗಿನ ನೀರು: ಉತ್ತರಗಳು ಬೇರೆಬೇರೆ ಬರುತ್ತವೆ. ಪ್ರತಿ ಉತ್ತರದಲ್ಲೂ ಮಗು ಒಂದು ಉಪಾಯವನ್ನು ಯೋಚಿಸಿರುತ್ತದೆ. ಅಂಕ ಆ ಉಪಾಯಕ್ಕೆ ಸಲ್ಲಲಿ.