ಯವನ ಪದದ ಪಯಣ: ಕರ್ನಾಟಕದಲ್ಲಿ ಗ್ರೀಕ್ ಸಂಸ್ಕೃತಿಯ ಕುರುಹುಗಳು ಮತ್ತು ಹಂಪೆ

ಪ್ರಾಚೀನ ಗ್ರೀಕರ ಕಲೆ ಮತ್ತು ಸಂಸ್ಕೃತಿ ನಂತರದ ಯುಗಗಳ ಮೇಲೆ ಬೀರಿದ ಪ್ರಭಾವವನ್ನು ಕುರಿತ ಚರ್ಚೆ ಭಾರತದ ಸಂದರ್ಭದಲ್ಲಿ ಸಾಮಾನ್ಯವಾಗಿ ಗಾಂಧಾರದ ಬುದ್ಧಮೂರ್ತಿಗಳಿಂದ ಆರಂಭವಾಗಿ ಅಲ್ಲಿಯೇ ಮುಗಿಯುತ್ತದೆ. ಫ್ರೆಂಚ್ ವಿದ್ವಾಂಸ ಆಲ್ಫ್ರೆಡ್ ಫೂಷೆ ಬುದ್ಧಪ್ರತಿಮೆಯ ಮೂಲವನ್ನು ಗ್ರೀಕ್ ಶಿಲ್ಪಪರಂಪರೆಯಲ್ಲಿ ಗುರುತಿಸಿದರೆ, ಆನಂದ ಕುಮಾರಸ್ವಾಮಿ 1927ರಲ್ಲಿ ಪ್ರಕಟಿಸಿದ ಪ್ರಬಂಧದಲ್ಲಿ ಮಥುರೆಯ ದೇಶೀ ಯಕ್ಷಪ್ರತಿಮೆಗಳ ಪರಂಪರೆಯನ್ನು ಅದಕ್ಕೆ ಉತ್ತರವಾಗಿ ಮುಂದಿಟ್ಟರು. ಈ ವಾಗ್ವಾದದಲ್ಲಿ ದಕ್ಷಿಣ ಭಾರತಕ್ಕೆ, ಅದರಲ್ಲಿಯೂ ತುಂಗಭದ್ರೆಯ ದಡದ ಹಂಪೆ, ಕಂಪ್ಲಿ, ಸಂಡೂರು ಪರಿಸರಕ್ಕೆ ಸ್ಥಾನ ದೊರೆತಿಲ್ಲ. ಶಿಲ್ಪವನ್ನಷ್ಟೇ ಆಧಾರವಾಗಿ ಇಟ್ಟುಕೊಂಡರೆ ದೊರೆಯಬೇಕಾದ ಕಾರಣವೂ ಇಲ್ಲ. ಆದರೆ ಕಾಲಗಣನೆ, ನಾಣ್ಯ ಮತ್ತು ಭಾಷೆಯ ಕಡೆಗೆ ದೃಷ್ಟಿ ಹೊರಳಿಸಿದಾಗ ಚಿತ್ರ ಬದಲಾಗುತ್ತದೆ. ಗ್ರೀಕರನ್ನು ಸೂಚಿಸುತ್ತಿದ್ದ ‘ಯವನ’ ಎಂಬ ಹೆಸರೇ ಸುಮಾರು ಎರಡು ಸಾವಿರ ವರ್ಷ ಸಂಚರಿಸಿ ವಿಜಯನಗರದ ಅರಸನೊಬ್ಬನ ಬಿರುದಿನಲ್ಲಿ ನೆಲೆಗೊಂಡಿತು. ಈ ಪದವನ್ನು ಹೇಗೆ ಓದಬೇಕೆಂಬ ಪ್ರಶ್ನೆ ಹಂಪೆಯ ಚರಿತ್ರೆಯನ್ನು ಹೇಗೆ ಓದಬೇಕೆಂಬ ಪ್ರಶ್ನೆಯೂ ಆಗಿದೆ.

ಹೆಸರಿನ ಮೂಲ

ಏಷ್ಯಾ ಮೈನರಿನ ಪಶ್ಚಿಮ ಕರಾವಳಿಯಲ್ಲಿ ನೆಲೆಸಿದ್ದ ಗ್ರೀಕರು ಅಯೋನಿಯನ್ನರು. ಇರಾನಿನ ಹಖಾಮನಿ ದೊರೆಗಳ ಶಾಸನಗಳಲ್ಲಿ ಇವರು ‘ಯೌನ’ರು. ಪ್ರಾಕೃತದಲ್ಲಿ ಈ ಹೆಸರು ‘ಯೋನ’ ಎಂದೂ ಸಂಸ್ಕೃತದಲ್ಲಿ ‘ಯವನ’ ಎಂದೂ ಬಳಕೆಗೆ ಬಂದಿತು. ಪಾಣಿನಿಯ ಅಷ್ಟಾಧ್ಯಾಯಿಯಲ್ಲಿ ಯವನ ಶಬ್ದವಿದೆ. ಅದರಿಂದ ಸಾಧಿತವಾದ ‘ಯವನಾನೀ’ ಎಂಬ ರೂಪವು ಯವನರ ಲಿಪಿಯನ್ನು ಸೂಚಿಸುತ್ತದೆಂದು ವಾರ್ತಿಕಕಾರ ಕಾತ್ಯಾಯನ ವಿವರಿಸಿದ್ದಾನೆ. ಅಶೋಕನ ಹದಿಮೂರನೆಯ ಶಿಲಾಶಾಸನವು ಅಂತಿಯೋಕನೆಂಬ ಯೋನರಾಜನನ್ನೂ ಅವನಾಚೆಗಿನ ತುರಮಾಯ, ಅಂತಿಕಿನಿ, ಮಗ, ಅಲಿಕಸುಂದರ ಎಂಬ ನಾಲ್ವರು ದೊರೆಗಳನ್ನೂ ಹೆಸರಿಸುತ್ತದೆ. ಈ ಶಾಸನದ ಒಂದು ಪ್ರತಿ ಬಳ್ಳಾರಿಯ ನೆರೆಯಲ್ಲಿರುವ ಕರ್ನೂಲು ಜಿಲ್ಲೆಯ ಎರ್ರಗುಡಿಯಲ್ಲಿದೆ. ಸಿರುಗುಪ್ಪ ತಾಲ್ಲೂಕಿನ ನಿಟ್ಟೂರು ಮತ್ತು ಉಡೆಗೋಳಂ, ಕೊಪ್ಪಳದ ಗವಿಮಠ ಮತ್ತು ಪಾಲ್ಕಿಗುಂಡುಗಳಲ್ಲಿ ಅಶೋಕನ ಕಿರುಶಾಸನಗಳು ದೊರೆತಿವೆ. ಹಂಪೆಯ ಸುತ್ತಲಿನ ಈ ಪ್ರದೇಶ ಕ್ರಿ.ಪೂ. ಮೂರನೆಯ ಶತಮಾನದಲ್ಲಿಯೇ, ಗ್ರೀಕ್ ದೊರೆಗಳೊಡನೆ ವ್ಯವಹರಿಸುತ್ತಿದ್ದ ಸಾಮ್ರಾಜ್ಯವೊಂದರ ಆಡಳಿತದ ವ್ಯಾಪ್ತಿಗೆ ಸೇರಿತ್ತೆಂಬುದು ಇದರಿಂದ ಸ್ಪಷ್ಟವಾಗುತ್ತದೆ.

ಸಾತವಾಹನರ ಕಾಲಕ್ಕೆ ಸಂಪರ್ಕವು ವ್ಯಾಪಾರದ ಸ್ವರೂಪ ಪಡೆಯಿತು. ಮಹಾರಾಷ್ಟ್ರದ ಕಾರ್ಲೆಯ ಚೈತ್ಯಗುಹೆಯನ್ನು ಪೂರ್ಣಗೊಳಿಸಿದವನು ವೈಜಯಂತಿಯ, ಎಂದರೆ ಬನವಾಸಿಯ, ಶ್ರೇಷ್ಠಿ ಭೂತಪಾಲ. ಅದೇ ಗುಹೆಯ ಕಂಬಗಳನ್ನು ದಾನ ಮಾಡಿದವರಲ್ಲಿ ಧೇನುಕಾಕಟದ ಯವನರೂ ಇದ್ದಾರೆ. ಕನ್ನಡನಾಡಿನ ವರ್ತಕನೂ ಯವನರೂ ಒಂದೇ ಬೌದ್ಧ ಪುಣ್ಯಕಾರ್ಯದಲ್ಲಿ ಭಾಗಿಗಳಾದ ನಿದರ್ಶನವಿದು. ಈ ಯವನರು ಭಾರತೀಯ ಹೆಸರುಗಳನ್ನು ಹೊಂದಿದ್ದರೆಂಬುದು ಗಮನಾರ್ಹ. ಎರಡನೆಯ ಶತಮಾನದ ಭೂಗೋಳಜ್ಞ ಟಾಲೆಮಿಗೆ ಬನವಾಸಿಯ ಹೆಸರು ತಿಳಿದಿತ್ತು. ಚಿತ್ರದುರ್ಗದ ಚಂದ್ರವಳ್ಳಿಯಲ್ಲಿ ಅಗಸ್ಟಸ್ ಮತ್ತು ಟೈಬೀರಿಯಸ್ ಚಕ್ರವರ್ತಿಗಳ ಬೆಳ್ಳಿಯ ನಾಣ್ಯಗಳು ದೊರೆತಿವೆ. 1947ರಲ್ಲಿ ಮಾರ್ಟಿಮರ್ ವೀಲರ್ ಬ್ರಹ್ಮಗಿರಿ ಮತ್ತು ಚಂದ್ರವಳ್ಳಿಗಳಲ್ಲಿ ಉತ್ಖನನ ನಡೆಸಿದಾಗ, ಚಕ್ರಾಂಕಿತ ಮಡಕೆಗಳನ್ನು ಮೆಡಿಟರೇನಿಯನ್ ಸಂಪರ್ಕದ ಕುರುಹೆಂದು ಪರಿಗಣಿಸಿ ದಕ್ಷಿಣದ ಪುರಾತತ್ತ್ವ ಕಾಲಾನುಕ್ರಮವನ್ನು ರೂಪಿಸಿದರು. ಈ ಮಡಕೆಗಳು ಭಾರತದಲ್ಲಿಯೇ ತಯಾರಾದುವೆಂದು ನಂತರದ ಸಂಶೋಧನೆಗಳು ತೋರಿಸಿವೆ. ಸಂಪರ್ಕ ನಿಜ, ಆದರೆ ಪ್ರತಿಯೊಂದು ವಸ್ತುವನ್ನೂ ಅದರ ಫಲವೆಂದು ಭಾವಿಸಲಾಗದು.

ಸಾಮ್ಯ ಮತ್ತು ಪ್ರಭಾವ

ಪ್ರಭಾವದ ಅಧ್ಯಯನದಲ್ಲಿ ಈ ಎಚ್ಚರ ಎಷ್ಟು ಅಗತ್ಯವೆಂಬುದನ್ನು ಇನ್ನೆರಡು ಪ್ರಸಂಗಗಳು ತಿಳಿಸುತ್ತವೆ. ರಂಗದ ತೆರೆಗೆ ‘ಯವನಿಕೆ’ ಎಂಬ ಹೆಸರಿರುವುದರಿಂದ ಭಾರತೀಯ ನಾಟಕಕ್ಕೆ ಗ್ರೀಕ್ ನಾಟಕವೇ ಮೂಲವೆಂಬ ವಾದ ಹತ್ತೊಂಬತ್ತನೆಯ ಶತಮಾನದಲ್ಲಿ ಪ್ರಬಲವಾಗಿತ್ತು. 1890ರಲ್ಲಿ ಸಿಲ್ವಾನ್ ಲೆವಿ ಇದನ್ನು ಖಂಡಿಸಿದರು. ಶಬ್ದದ ಇನ್ನೊಂದು ರೂಪ ‘ಜವನಿಕೆ’. ಅದನ್ನು ಯವನರಿಗೆ ಸಂಬಂಧಿಸಬೇಕಾದ ಅಗತ್ಯವಿಲ್ಲ. ಸಂಬಂಧವಿದೆಯೆಂದು ಒಪ್ಪಿದರೂ ಅದು ವಿದೇಶೀ ಬಟ್ಟೆಯನ್ನು ಸೂಚಿಸೀತೇ ಹೊರತು ನಾಟ್ಯಪದ್ಧತಿಯನ್ನಲ್ಲ.

ಎರಡನೆಯದು ಈಜಿಪ್ಟಿನ ಆಕ್ಸಿರಿಂಕಸ್ ಎಂಬಲ್ಲಿ ದೊರೆತು 1903ರಲ್ಲಿ ಪ್ರಕಟವಾದ ಪಪೈರಸ್ ಪ್ರಹಸನ. ಭಾರತದ ಕರಾವಳಿಯಲ್ಲಿ ಸೆರೆಯಾದ ಖಾರಿಟಿಯನ್ ಎಂಬ ಗ್ರೀಕ್ ಯುವತಿಯ ಬಿಡುಗಡೆ ಇದರ ವಸ್ತು. ಯೂರಿಪಿಡೀಸನ ಇಫಿಜೆನಿಯಾ ಕಥೆಯ ಹಾಸ್ಯಾನುಕರಣೆಯಂತೆ ಇದು ತೋರುತ್ತದೆ. ಇದರಲ್ಲಿ ಭಾರತೀಯ ಪಾತ್ರಗಳು ಆಡುವ ಅಪರಿಚಿತ ಮಾತುಗಳು ಕನ್ನಡವೆಂದು ಇ. ಹುಲ್ಷ್ ಅವರು 1904ರಲ್ಲಿ ಸೂಚಿಸಿದರು. ಆರ್. ಶಾಮಶಾಸ್ತ್ರಿ ಮತ್ತು ಎಂ. ಗೋವಿಂದ ಪೈ ಈ ವಿಚಾರವನ್ನು ಮುಂದುವರಿಸಿದರು; ಎಲ್.ಡಿ. ಬಾರ್ನೆಟ್ 1926ರಲ್ಲಿ ಅದನ್ನು ಪ್ರಶ್ನಿಸಿದರು. ಆ ಮಾತುಗಳನ್ನು ಕನ್ನಡವೆಂದು ಓದಲು ಅಕ್ಷರಗಳನ್ನು ಬಿಡಿಸಿ ಕೂಡಿಸುವಲ್ಲಿ ಬಹಳಷ್ಟು ಊಹೆ ಬೇಕಾಗುತ್ತದೆ. ಕನ್ನಡದ ಪ್ರಾಚೀನತೆಯ ಮೇಲಿನ ಅಭಿಮಾನವನ್ನು ಪ್ರಮಾಣದ ಸ್ಥಾನದಲ್ಲಿ ಇರಿಸಲಾಗದು.

ಗಣನೆಯಲ್ಲಿ ಉಳಿದ ಗ್ರೀಕ್

ಸಂದೇಹಕ್ಕೆ ಆಸ್ಪದವಿಲ್ಲದ ಪ್ರಭಾವ ಕಾಣುವುದು ಜ್ಯೋತಿಷದಲ್ಲಿ. ಕ್ರಿಸ್ತಶಕದ ಮೊದಲ ಕೆಲವು ಶತಮಾನಗಳಲ್ಲಿ ಗ್ರೀಕ್ ಜಾತಕಶಾಸ್ತ್ರ ಸಂಸ್ಕೃತಕ್ಕೆ ಬಂದಿತು. ಸ್ಫುಜಿಧ್ವಜನ ಯವನಜಾತಕ ಇದರ ಮುಖ್ಯ ಸಾಕ್ಷಿ. ಆರನೆಯ ಶತಮಾನದ ವರಾಹಮಿಹಿರ ಮೇಷಾದಿ ರಾಶಿಗಳಿಗೆ ಕ್ರಿಯ, ತಾವುರಿ, ಜಿತುಮ, ಲೇಯ, ಪಾಥೋನ, ಜೂಕ, ಕೌರ್ಪ್ಯ ಮೊದಲಾದ ಹೆಸರುಗಳನ್ನೂ ನೀಡುತ್ತಾನೆ. ಇವು ಕ್ರಿಯೋಸ್, ತಾವ್ರೋಸ್, ದಿದುಮೋಯ್, ಲೇಯೋನ್, ಪಾರ್ಥೆನೋಸ್, ಝುಗೋನ್, ಸ್ಕೋರ್ಪಿಯೋಸ್ ಎಂಬ ಗ್ರೀಕ್ ಶಬ್ದಗಳ ರೂಪಾಂತರಗಳು. ಯವನರು ಮ್ಲೇಚ್ಛರಾದರೂ ಈ ಶಾಸ್ತ್ರದಲ್ಲಿ ಪರಿಣತರಾದುದರಿಂದ ಋಷಿಗಳಂತೆ ಪೂಜ್ಯರೆಂಬ ಅಭಿಪ್ರಾಯ ಅವನ ಬೃಹತ್ಸಂಹಿತೆಯಲ್ಲಿದೆ.

ಕೇಂದ್ರ (ಕೆಂತ್ರೋನ್), ಜಾಮಿತ್ರ (ದಿಯಾಮೆತ್ರೋಸ್), ಲಿಪ್ತ (ಲೆಪ್ತೋನ್), ಹೋರಾ (ಹೋರಾ) ಎಂಬ ಪಾರಿಭಾಷಿಕ ಪದಗಳೂ ಇದೇ ಮಾರ್ಗವಾಗಿ ಬಂದವು. ‘ಹೋರೆ’ಯ ಗಣಿತವೇ ಅದರ ಮೂಲವನ್ನು ಹೇಳುತ್ತದೆ. ಭಾರತೀಯ ಪದ್ಧತಿಯಲ್ಲಿ ದಿನಕ್ಕೆ ಅರವತ್ತು ಘಳಿಗೆ, ಹೋರೆಗಳಾದರೋ ಇಪ್ಪತ್ತನಾಲ್ಕು. ಆದ್ದರಿಂದ ಒಂದು ಹೋರೆಗೆ ಎರಡೂವರೆ ಘಳಿಗೆಯೆಂಬ ಹೊಂದಾಣಿಕೆ ಅನಿವಾರ್ಯವಾಯಿತು. ಶನಿ, ಗುರು, ಕುಜ, ರವಿ, ಶುಕ್ರ, ಬುಧ, ಚಂದ್ರ ಎಂಬ ಕ್ರಮದಲ್ಲಿ ಪ್ರತಿಯೊಂದು ಹೋರೆಗೂ ಒಂದು ಗ್ರಹ ಅಧಿಪತಿ. ದಿನದ ಮೊದಲ ಹೋರೆಯ ಅಧಿಪತಿಯೇ ವಾರದ ಅಧಿಪತಿ. ರವಿಯಿಂದ ಎಣಿಸಲಾರಂಭಿಸಿದರೆ ಇಪ್ಪತ್ತೈದನೆಯ ಹೋರೆ ಚಂದ್ರನ ಪಾಲಿಗೆ ಬರುತ್ತದೆ. ಆದಿತ್ಯವಾರದ ಮರುದಿನ ಸೋಮವಾರವಾಗುವುದು ಹೀಗೆ. ಬ್ಯಾಬಿಲೋನಿನ ಗ್ರಹವಿಚಾರ, ಈಜಿಪ್ಟಿನ ಇಪ್ಪತ್ತನಾಲ್ಕು ಭಾಗಗಳ ದಿನ ಮತ್ತು ಗ್ರೀಕ್ ಖಗೋಳಶಾಸ್ತ್ರ ಒಂದುಗೂಡಿದ ಫಲವೇ ಈ ವ್ಯವಸ್ಥೆ. ಭಾರತದ ಶಾಸನಗಳಲ್ಲಿ ವಾರದ ಉಲ್ಲೇಖ ಮೊದಲು ಕಾಣುವುದು ಕ್ರಿ.ಶ. 484ರ ಏರಣ್ ಶಾಸನದಲ್ಲಿ. ನಂತರ ಅದು ಎಷ್ಟು ಸಹಜವಾಯಿತೆಂದರೆ, ಶಕವರ್ಷ, ಸಂವತ್ಸರ, ಮಾಸ, ತಿಥಿಗಳೊಡನೆ ವಾರವನ್ನು ಹೇಳುವುದು ವಿಜಯನಗರದ ದಾನಶಾಸನಗಳ ವಾಡಿಕೆಯೇ ಆಯಿತು.

ಮೂಲ ಮರೆತುಹೋದುದೂ ಈ ಪ್ರಕ್ರಿಯೆಯ ಒಂದು ಭಾಗ. ‘ಅಹೋರಾತ್ರ’ ಶಬ್ದದ ಮೊದಲ ಮತ್ತು ಕೊನೆಯ ಅಕ್ಷರಗಳು ಲೋಪವಾಗಿ ‘ಹೋರಾ’ ಆಯಿತೆಂಬ ವ್ಯುತ್ಪತ್ತಿ ವರಾಹಮಿಹಿರನ ಕಾಲಕ್ಕಾಗಲೇ ಪ್ರಚಾರದಲ್ಲಿತ್ತು. ನರಿಗುಂದದ ಶ್ರೀಧರಾಚಾರ್ಯ 1049ರಲ್ಲಿ ಕನ್ನಡದ ಮೊದಲ ಜ್ಯೋತಿಷಗ್ರಂಥವಾದ ಜಾತಕತಿಲಕವನ್ನು ರಚಿಸುವ ವೇಳೆಗೆ ಈ ಶಾಸ್ತ್ರ ಸಂಪೂರ್ಣ ಸ್ವದೇಶಿಯಾಗಿತ್ತು. ರಾಶಿಗಳ ರೂಪಕ್ಕೂ ಇದೇ ಮಾತು ಸಲ್ಲುತ್ತದೆ. ಗ್ರೀಕರ ಅವಳಿ ಸೋದರರು ಭಾರತದಲ್ಲಿ ಸ್ತ್ರೀಪುರುಷರ ಮಿಥುನವಾದರು. ಮೀನಿನ ಬಾಲದ ಮೇಕೆ ಮಕರವಾಯಿತು. ಶೃಂಗೇರಿಯ ವಿದ್ಯಾಶಂಕರ ದೇವಾಲಯದ ಹನ್ನೆರಡು ರಾಶಿಸ್ತಂಭಗಳನ್ನು ನೋಡುವವರಿಗೆ ಅಲ್ಲಿ ಗ್ರೀಕ್ ಶೈಲಿಯ ಲವಲೇಶವೂ ಕಾಣದು. ಶೈಲಿ ದಕ್ಷಿಣದ್ದು, ಹನ್ನೆರಡರ ವ್ಯವಸ್ಥೆ ದೂರದಿಂದ ಬಂದುದು.

ರಾಷ್ಟ್ರಕೂಟ, ಚಾಲುಕ್ಯರ ಕಾಲದ ಶಾಸನಗಳಲ್ಲಿ ಗದ್ಯಾಣ, ಪಣಗಳೊಡನೆ ಬರುವ ‘ದ್ರಮ್ಮ’ವು ಗ್ರೀಕರ ದ್ರಾಖ್ಮೆಯ ಹೆಸರು. ಸಂಡೂರು ತಾಲ್ಲೂಕಿನ ವಡ್ಡುವಿನಂತಹ ಗ್ರಾಮದಲ್ಲಿ ಮದುವೆಯ ಲಗ್ನ ನಿಶ್ಚಯಿಸುವಾಗ ಪಂಚಾಂಗದಲ್ಲಿ ನೋಡುವ ಹೋರೆಯೂ, 2021ರಲ್ಲಿ ರಚಿತವಾದ ವಿಜಯನಗರ ಜಿಲ್ಲೆಗೆ ಹೊಸಪೇಟೆಯನ್ನು ‘ಜಿಲ್ಲಾ ಕೇಂದ್ರ’ವೆಂದು ಕರೆಯುವಾಗ ಬಳಸುವ ಪದವೂ ಒಂದೇ ಪರಂಪರೆಗೆ ಸೇರಿದವು.

ಹಂಪೆಯ ಯವನರು

ಪದಗಳು ಹೀಗೆ ಮೂಲವನ್ನು ಮರೆತು ಉಳಿದರೆ, ‘ಯವನ’ ಎಂಬ ಹೆಸರು ತನ್ನ ಜನರನ್ನೇ ಬದಲಿಸಿಕೊಂಡು ಉಳಿಯಿತು. ವಾಯವ್ಯದಲ್ಲಿ ಗ್ರೀಕ್ ರಾಜ್ಯಗಳು ಅಳಿದ ಮೇಲೆ ಪಶ್ಚಿಮದಿಂದ ಬಂದ ಇತರರಿಗೂ ಅದು ಅನ್ವಯವಾಯಿತು. ತುರ್ಕರು ಬಂದಾಗ ತುರುಷ್ಕ, ಪಾರಸೀಕ ಶಬ್ದಗಳೊಡನೆ ಯವನವೂ ಅವರ ಹೆಸರಾಯಿತು. ಸಿಂಥಿಯಾ ಟಾಲ್ಬಟ್, ಬಿ.ಡಿ. ಚಟ್ಟೋಪಾಧ್ಯಾಯ ಮೊದಲಾದ ಚರಿತ್ರಕಾರರು ತೋರಿಸಿರುವಂತೆ, ಈ ಹೆಸರುಗಳು ಪ್ರಧಾನವಾಗಿ ಜನಾಂಗ, ದೇಶ ಹಾಗೂ ಅಧಿಕಾರವನ್ನು ಸೂಚಿಸುತ್ತವೆ. ಅವುಗಳನ್ನು ಎಲ್ಲೆಡೆಯೂ ಒಂದು ಧರ್ಮದ ಹೆಸರಾಗಿ ಅನುವಾದಿಸಿದರೆ ಶಾಸನಕಾರನ ಆಶಯ ಮರೆಯಾಗುತ್ತದೆ.

ಕೃಷ್ಣದೇವರಾಯನ ‘ಯವನರಾಜ್ಯಸ್ಥಾಪನಾಚಾರ್ಯ’ ಎಂಬ ಬಿರುದು ಇದಕ್ಕೆ ಉತ್ತಮ ನಿದರ್ಶನ. ಯವನರ ರಾಜ್ಯವನ್ನು ಸ್ಥಾಪಿಸಿದ ಆಚಾರ್ಯನೆಂದು ಇದರ ಅರ್ಥ. ಬೀದರಿನಲ್ಲಿ ಬರೀದ ಮಂತ್ರಿಯ ಹಿಡಿತಕ್ಕೆ ಸಿಲುಕಿದ್ದ ಬಹಮನಿ ಸುಲ್ತಾನ ಮಹಮೂದನ ಪರವಾಗಿ ಕೃಷ್ಣದೇವರಾಯ ಮಧ್ಯಪ್ರವೇಶಿಸಿದ ಘಟನೆಯೊಡನೆ ಚರಿತ್ರಕಾರರು ಈ ಬಿರುದನ್ನು ಸಂಬಂಧಿಸುತ್ತಾರೆ. ವಿಜಯನಗರವನ್ನು ಯವನವಿರೋಧವೊಂದರಿಂದಲೇ ವಿವರಿಸುವ ದೃಷ್ಟಿಗೆ ಈ ಬಿರುದು ಅರ್ಥವಾಗದ ಒಗಟು. ನೆರೆಯ ಸಿಂಹಾಸನದಲ್ಲಿ ಯಾರಿರಬೇಕೆಂಬುದನ್ನು ನಿರ್ಧರಿಸಬಲ್ಲ ಸಾರ್ವಭೌಮನೆಂಬ ರಾಜಕೀಯ ಹೆಮ್ಮೆಯಾಗಿ ಓದಿದಾಗ ಅದು ಸ್ಪಷ್ಟವಾಗುತ್ತದೆ. ಇದಕ್ಕೂ ಮೊದಲು ಸಂಗಮ ದೊರೆಗಳು ಧರಿಸಿದ ‘ಹಿಂದೂರಾಯಸುರತ್ರಾಣ’ ಬಿರುದಿನಲ್ಲಿ ‘ಸುಲ್ತಾನ’ ಶಬ್ದವೇ ಸಂಸ್ಕೃತದ ಉಡುಪು ತೊಟ್ಟಿದೆ. ಈ ಬಿರುದನ್ನು ಆಸ್ಥಾನದ ಉಡುಪಿನೊಡನೆ ಪರಿಶೀಲಿಸಿ ಫಿಲಿಪ್ ವ್ಯಾಗೊನರ್ 1996ರಲ್ಲಿ ಬರೆದ ಲೇಖನ ಈ ದಿಕ್ಕಿನ ಅಧ್ಯಯನಕ್ಕೆ ಬುನಾದಿ ಹಾಕಿತು.

ಸ್ಥಳೀಯ ಚರಿತ್ರೆಯೂ ಇದನ್ನು ಸಮರ್ಥಿಸುತ್ತದೆ. ಮಹಮ್ಮದ್ ಬಿನ್ ತುಘಲಕನ ವಿರುದ್ಧ ದಂಗೆಯೆದ್ದ ಅವನ ಬಂಧು ಬಹಾವುದ್ದೀನ್ ಗುರ್ಷಾಸ್ಪ್ ಆಶ್ರಯ ಬೇಡಿದ್ದು ಕಂಪಿಲಿಯ ಅರಸನಲ್ಲಿ. ಆಶ್ರಿತನನ್ನು ಒಪ್ಪಿಸಲು ನಿರಾಕರಿಸಿದ ಕಂಪಿಲರಾಯ 1327ರ ವೇಳೆಗೆ ದೆಹಲಿಯ ಸೈನ್ಯವನ್ನೆದುರಿಸಿ ಮಡಿದನು. ಇದನ್ನು ಇಬ್ನ್ ಬತೂತ ದಾಖಲಿಸಿದ್ದಾನೆ. ಹಂಪೆಯಲ್ಲಿ 1439ರಲ್ಲಿ ಅಹಮದ್ ಖಾನನೆಂಬ ಅಧಿಕಾರಿ ಮಸೀದಿಯೊಂದನ್ನು ಕಟ್ಟಿಸಿದನು. ಇಮ್ಮಡಿ ದೇವರಾಯನಿಗೆ ಪುಣ್ಯವಾಗಲೆಂದು ಕಟ್ಟಿಸಿದ ಈ ಕಟ್ಟಡವನ್ನು ಅಲ್ಲಿನ ಕನ್ನಡ ಶಾಸನ ‘ಧರ್ಮಶಾಲೆ’ಯೆಂದು ಕರೆಯುತ್ತದೆ. ಯುದ್ಧಗಳು ನಡೆದದ್ದೂ 1565ರ ನಂತರ ನಗರ ಹಾಳಾದದ್ದೂ ನಿಜ. ಆ ನಾಶದ ನೆನಪನ್ನು ಹಿಂದಕ್ಕೆ ಹಾಯಿಸಿ, ಅದಕ್ಕೂ ಮೊದಲಿನ ಪ್ರತಿಯೊಂದು ‘ಯವನ’ ಶಬ್ದದಲ್ಲಿಯೂ ಅದೇ ಅರ್ಥವನ್ನು ಹುಡುಕುವುದು ಮಾತ್ರ ಶಾಸನಗಳಿಗೆ ಒಪ್ಪುವ ಕ್ರಮವಲ್ಲ.

ಮತ್ತೆ ಗ್ರೀಕರ ಕಡೆಗೆ

ಇಪ್ಪತ್ತನೆಯ ಶತಮಾನದಲ್ಲಿ ಕನ್ನಡವು ಗ್ರೀಕ್ ಸಾಹಿತ್ಯವನ್ನು ಅದರ ಹೆಸರಿನಿಂದಲೇ ಗುರುತಿಸಿ ಬರಮಾಡಿಕೊಂಡಿತು. ಬಿ.ಎಂ. ಶ್ರೀಕಂಠಯ್ಯನವರು ಸಾಫೋಕ್ಲೀಸನ ಅಯಾಸ್ ನಾಟಕವನ್ನು ‘ಅಶ್ವತ್ಥಾಮನ್’ ಆಗಿಯೂ ಈಸ್ಕಿಲಸನ ನಾಟಕವನ್ನು ‘ಪಾರಸಿಕರು’ ಎಂದೂ ಕನ್ನಡಕ್ಕೆ ತಂದರು, ಪಿ. ಲಂಕೇಶರ ‘ದೊರೆ ಈಡಿಪಸ್’ ಈ ಪರಂಪರೆಯನ್ನು ಮುಂದುವರಿಸಿತು. ಅವಮಾನದಿಂದ ಬೆಂದ ಗ್ರೀಕ್ ವೀರನನ್ನು ಶ್ರೀಯವರು ಮಹಾಭಾರತದ ಅಶ್ವತ್ಥಾಮನಲ್ಲಿ ಕಂಡದ್ದು, ಮೀನಿನ ಬಾಲದ ಮೇಕೆಯನ್ನು ಹಿಂದಿನವರು ಮಕರದಲ್ಲಿ ಕಂಡ ಕ್ರಮಕ್ಕೆ ಸಮಾನವಾಗಿದೆ. ಮೂಲವನ್ನು ಬಲ್ಲವರಾಗಿ ಮಾಡಿದ ರೂಪಾಂತರವೆಂಬುದೊಂದೇ ವ್ಯತ್ಯಾಸ.

ಒಟ್ಟಿನಲ್ಲಿ, ಕರ್ನಾಟಕದಲ್ಲಿ ಗ್ರೀಕ್ ಪ್ರಭಾವ ಶಿಲ್ಪದ ಮೈಕಟ್ಟಿಗಿಂತ ಹೆಚ್ಚಾಗಿ ವಾರ, ಹೋರೆ, ರಾಶಿ, ದ್ರಮ್ಮಗಳಲ್ಲಿ ನೆಲೆಸಿದೆ. ಈ ನೆಲದ ಭಾಷೆ ಅವುಗಳನ್ನು ತನ್ನದಾಗಿಸಿಕೊಂಡುದರಿಂದಲೇ ಅವು ಉಳಿದವು. ಯವನ ಶಬ್ದದ ಅರ್ಥವಂತೂ ಕಾಲದಿಂದ ಕಾಲಕ್ಕೆ ಪಲ್ಲಟಗೊಂಡಿದೆ. ಅಶೋಕನ ಶಾಸನದ ಯೋನ, ಕಾರ್ಲೆಯ ದಾನಿ, ವರಾಹಮಿಹಿರನ ಆಚಾರ್ಯ, ಬೀದರಿನ ಸುಲ್ತಾನ ಇವರೆಲ್ಲರಿಗೂ ಒಂದೇ ಹೆಸರು ಸಂದಿದೆ. ಆದುದರಿಂದ ಶಾಸನಗಳ ಸಂಪಾದನೆ ಮತ್ತು ಅನುವಾದದಲ್ಲಿ ಈ ಪದವನ್ನು ಮೂಲದಲ್ಲಿರುವಂತೆಯೇ ಉಳಿಸಿಕೊಂಡು, ಆಯಾ ಸಂದರ್ಭದಲ್ಲಿ ಅದು ಯಾರನ್ನು ಸೂಚಿಸುತ್ತದೆಂಬುದನ್ನು ಪ್ರತ್ಯೇಕವಾಗಿ ನಿರ್ಣಯಿಸುವುದು ಅಗತ್ಯ.