ನಮ್ಮ ಕಡೆ ಹಂಗಿಲ್ಲ ನೋಡ್ರಿ

ಹುಡುಗ ಧಾರವಾಡದವನು, ಹುಡುಗಿ ತುಮಕೂರಿನವಳು ಎಂದಿಟ್ಟುಕೊಳ್ಳಿ. ಇಬ್ಬರಿಗೂ ಬೆಂಗಳೂರಿನಲ್ಲಿ ಕೆಲಸ. ಜಾತಕವೂ ಕೂಡಿದೆ, ಮನಸ್ಸೂ ಕೂಡಿದೆ. ಮಾತುಕತೆಗೆಂದು ಎರಡೂ ಮನೆಯವರು ಜಮಖಾನದ ಮೇಲೆ ಎದುರುಬದುರು ಕೂತಿದ್ದಾರೆ. ಕಾಫಿ ಲೋಟ ಕೆಳಗಿಡುತ್ತ ಹುಡುಗಿಯ ತಂದೆ ಹೇಳುತ್ತಾರೆ: ‘ಹಿಂದಿನ ದಿನ ಸಂಜೆ ಆರತಕ್ಷತೆ, ಮಾರನೆ ಬೆಳಿಗ್ಗೆ ಧಾರೆ.’ ಹುಡುಗನ ದೊಡ್ಡಪ್ಪನ ಹುಬ್ಬು ಮೇಲೇರುತ್ತದೆ. ‘ಅಕ್ಷತಾ ಬೀಳೂಕಿಂತ ಮದಲ ಆರತಕ್ಷತಾ ಹೆಂಗ್ರೀ ಬೀಗ್ರ? ನಮ್ಮ ಕಡೆ ಹಂಗಿಲ್ಲ ನೋಡ್ರಿ.’

‘ನಮ್ಮ ಕಡೆ’ ಎಂಬ ಈ ಎರಡು ಪದ ಕೇಳಿಬರದ ಮದುವೆಮನೆ ಕರ್ನಾಟಕದಲ್ಲಿ ಇರಲಾರದು. ಮುಹೂರ್ತದ ಹೊತ್ತು, ಊಟದ ಎಲೆ, ಧಾರೆ ಸೀರೆಯ ಬಣ್ಣ, ಲಗ್ನಪತ್ರಿಕೆಯಲ್ಲಿ ಯಾರ ಹೆಸರು ಮೇಲೆ, ಛತ್ರದ ಬಾಡಿಗೆ ಯಾರದು ಎಂಬ ಪ್ರತಿಯೊಂದರ ಹಿಂದೆಯೂ ಒಂದೊಂದು ‘ಕಡೆ’ ಇರುತ್ತದೆ. ಒಂದೇ ಜಾತಿ, ಒಂದೇ ತಾಲ್ಲೂಕಿನೊಳಗೆ ಮದುವೆ ಕುದುರುತ್ತಿದ್ದ ಕಾಲದಲ್ಲಿ ಇಷ್ಟು ಮಾತು ಬೇಕಾಗಿರಲಿಲ್ಲ. ಎರಡು ಮನೆಯ ಶಾಸ್ತ್ರವೂ ಹೆಚ್ಚುಕಡಿಮೆ ಒಂದೇ ಆಗಿರುತ್ತಿತ್ತು. ಈಗ ಓದು, ಕೆಲಸ ಹುಡುಗ ಹುಡುಗಿಯರನ್ನು ದೂರದೂರದಿಂದ ತಂದು ಸೇರಿಸುತ್ತಿವೆ. ಆದ್ದರಿಂದ ಮದುವೆಯ ತಯಾರಿ ಎಂದರೆ ಮೊದಲಿಗೆ ಎರಡು ರೂಢಿಗಳ ನಡುವಿನ ಮಾತುಕತೆ.

ಆ ಮಾತುಕತೆ ಹದ ತಪ್ಪದಂತೆ ನಡೆಯಬೇಕಾದರೆ ಪ್ರತಿ ರೂಢಿಯ ಹಿಂದಿನ ಕಾರಣ ತಿಳಿಯಬೇಕು. ಹಿಂದಿನ ಸಂಜೆಯ ಆರತಕ್ಷತೆಯನ್ನೇ ನೋಡಿ. ಹಳೆ ಮೈಸೂರು ಸೀಮೆಯಲ್ಲಿ ಛತ್ರ ಸಾಮಾನ್ಯವಾಗಿ ಸಿಗುವುದು ಹಿಂದಿನ ಮಧ್ಯಾಹ್ನದಿಂದ ಮದುವೆ ದಿನದ ಸಂಜೆಯವರೆಗೆ. ಆ ಒಂದೇ ಬಾಡಿಗೆಯಲ್ಲಿ ಎರಡು ಸಮಾರಂಭ ಮುಗಿಯುತ್ತವೆ. ಕಚೇರಿ ಮುಗಿಸಿ ಬರುವವರಿಗೂ ಸಂಜೆಯೇ ಅನುಕೂಲ. ಇಲ್ಲಿ ಶಾಸ್ತ್ರಕ್ಕಿಂತ ನಗರದ ಗಡಿಯಾರದ ಕೆಲಸವೇ ಹೆಚ್ಚು. ಇಷ್ಟು ತಿಳಿದರೆ ಧಾರವಾಡದ ದೊಡ್ಡಪ್ಪನ ಆಕ್ಷೇಪಕ್ಕೂ ದಾರಿ ಕಾಣುತ್ತದೆ: ಬೆಳಿಗ್ಗೆ ಅಕ್ಷತೆ, ಅದೇ ದಿನ ಸಂಜೆ ಆರತಕ್ಷತೆ. ಛತ್ರದವರನ್ನು ಕೇಳಬೇಕಾದ ಪ್ರಶ್ನೆಯೊಂದು ಬೀಗರ ಜಗಳವಾಗುವುದು ತಪ್ಪುತ್ತದೆ.

‘ತಲತಲಾಂತರದಿಂದ ಬಂದದ್ದು’ ಎಂದು ಹಿಡಿದು ಕೂರುವ ಎಷ್ಟೋ ಸಂಗತಿಗಳಿಗೆ ಎರಡು ತಲೆಮಾರಿನ ವಯಸ್ಸೂ ಆಗಿರುವುದಿಲ್ಲ. ಅಜ್ಜ ಅಜ್ಜಿಯರ ಮದುವೆ ಮನೆಯಂಗಳದ ಚಪ್ಪರದಡಿ ನಡೆದದ್ದು. ಕೆಲವು ಸಮುದಾಯಗಳಲ್ಲಿ ಅದು ಐದು ದಿನದ ಹಬ್ಬ. ಇಂದಿನ ಒಂದೂವರೆ ದಿನದ ಛತ್ರದ ಮದುವೆ ಆ ಕಾಲಕ್ಕೆ ಗೊತ್ತೇ ಇರಲಿಲ್ಲ. ಹಣದ ಹರಿವಂತೂ ತಿರುಗುಮುರುಗಾಗಿದೆ. ನಮ್ಮ ಹಳ್ಳಿಗಳ ಅನೇಕ ಜಾತಿಗಳಲ್ಲಿ ‘ತೆರ’ ಎಂಬ ಪದ್ಧತಿ ಇತ್ತು. ಗಂಡಿನ ಕಡೆಯವರೇ ಹೆಣ್ಣಿನ ಮನೆಗೆ ಹಣ ಕೊಟ್ಟು ಹೆಣ್ಣು ತರುತ್ತಿದ್ದರು. ಮೈಸೂರಿನ ಸಮಾಜಶಾಸ್ತ್ರಜ್ಞ ಎಂ.ಎನ್. ಶ್ರೀನಿವಾಸ್ 1942ರಲ್ಲಿ ಪ್ರಕಟಿಸಿದ, ಮೈಸೂರು ಸೀಮೆಯ ಮದುವೆ ಮತ್ತು ಕುಟುಂಬವನ್ನು ಕುರಿತ ಪುಸ್ತಕದಲ್ಲಿ ಇದು ದಾಖಲಾಗಿದೆ. ಹೀಗಿರುವಾಗ ‘ಖರ್ಚೆಲ್ಲ ಹೆಣ್ಣಿನ ಕಡೆಯದೇ, ಅದೇ ನಮ್ಮ ಸಂಪ್ರದಾಯ’ ಎನ್ನುವವರ ಮುತ್ತಜ್ಜನೇ ತೆರ ಕೊಟ್ಟು ಮದುವೆಯಾಗಿದ್ದಿರಬಹುದು.

ರೂಢಿಗಳು ಪರಸ್ಪರ ಎಷ್ಟು ದೂರ ಎನ್ನುವುದಕ್ಕೆ ಊಟದ ಎಲೆ ಒಳ್ಳೆಯ ಸಾಕ್ಷಿ. ಮಂಡ್ಯ, ಹಾಸನದ ಕಡೆ ಮಾಂಸ ತಿನ್ನುವ ಮನೆಗಳಲ್ಲೂ ಧಾರೆಯ ದಿನದ ಊಟ ಸಸ್ಯಾಹಾರವೇ. ಮಟನ್ ಬೇಯುವುದು ಆಮೇಲೆ, ಬೀಗರೂಟದಲ್ಲಿ. ಕೊಡವರ ಮದುವೆಯಲ್ಲಿ ಪುರೋಹಿತರಿಲ್ಲ, ಹಿರಿಯರೇ ಮುಂದೆ ನಿಂತು ನಡೆಸುತ್ತಾರೆ; ಅಲ್ಲಿ ಹಂದಿಮಾಂಸದ ಊಟ ಮರ್ಯಾದೆಯ ಗುರುತು. ಮಂಗಳೂರಿನ ಕೊಂಕಣಿ ಕ್ರೈಸ್ತರು ಮದುವೆಗೆ ಮುನ್ನ ‘ರೋಸ್’ ಶಾಸ್ತ್ರದಲ್ಲಿ ವಧುವಿಗೆ, ವರನಿಗೆ ತೆಂಗಿನಹಾಲು ಹಚ್ಚುತ್ತಾರೆ. ಉತ್ತರ ಕರ್ನಾಟಕದಲ್ಲಿ ಸುರಗಿ ಸುತ್ತದೆ, ಬಾಸಿಂಗ ಕಟ್ಟದೆ ಮದುವೆ ಎನಿಸುವುದೇ ಇಲ್ಲ. ಇಂಥ ಎರಡು ಮನೆಗಳು ಬೀಗರಾಗುವಾಗ ಎಲ್ಲವನ್ನೂ ಒಂದೇ ದಿನ, ಒಂದೇ ಪಂಕ್ತಿಯಲ್ಲಿ ತುರುಕಲು ಹೋದರೆ ಯಾರಿಗೂ ತೃಪ್ತಿಯಿಲ್ಲ. ಬೀಗರೂಟ ತೋರಿಸಿಕೊಡುವ ಉಪಾಯ ಇಲ್ಲಿ ದೊಡ್ಡದು: ಶಾಸ್ತ್ರದ ಊಟ ಒಂದು ದಿನ, ನೆಂಟರು ಬಯಸಿದ ಊಟ ಇನ್ನೊಂದು ದಿನ. ಯಾರ ಎಲೆಯೂ ಕಿರಿದಾಗುವುದಿಲ್ಲ.

ಎರಡು ಕಡೆಯ ಶಾಸ್ತ್ರದಲ್ಲಿ ಯಾವುದು ಮುಖ್ಯ ಎಂದು ಜಟಾಪಟಿ ಬಿದ್ದವರಿಗೆ ಕಾನೂನಿನ ಮಾತು ಸಮಾಧಾನ ತಂದೀತು. 1955ರ ಹಿಂದೂ ವಿವಾಹ ಕಾಯ್ದೆಯ 7ನೇ ಕಲಂ ಪ್ರಕಾರ ವಧು ಅಥವಾ ವರ, ಇಬ್ಬರಲ್ಲಿ ಒಬ್ಬರ ಕಡೆಯ ರೂಢಿಯಂತೆ ವಿಧಿ ನಡೆದರೆ ಸಾಕು, ಮದುವೆ ಸಿಂಧು. ಆ ರೂಢಿಯಲ್ಲಿ ಸಪ್ತಪದಿ ಇದ್ದರೆ ಏಳನೆಯ ಹೆಜ್ಜೆಗೆ ಮದುವೆ ಪೂರ್ಣ. ಆದರೆ ವಿಧಿಯನ್ನೇ ಬಿಟ್ಟು ಬರಿಯ ಪ್ರಮಾಣಪತ್ರ ಮಾಡಿಸಿಕೊಂಡರೆ ಈ ಕಾಯ್ದೆಯಡಿ ಅದು ಮದುವೆಯಾಗದು ಎಂದು ಸುಪ್ರೀಂ ಕೋರ್ಟ್ 2024ರ ಏಪ್ರಿಲ್‌ನಲ್ಲಿ ಹೇಳಿತು. ಮದುವೆ ಎಂದರೆ ಹಾಡು ಕುಣಿತ, ತಿಂದು ಕುಡಿಯುವ ಸಂದರ್ಭವಷ್ಟೇ ಅಲ್ಲ ಎಂಬ ಎಚ್ಚರಿಕೆಯೂ ಅದೇ ತೀರ್ಪಿನಲ್ಲಿದೆ. ಬೇರೆ ಬೇರೆ ಧರ್ಮದವರಿಗೆ 1954ರ ವಿಶೇಷ ವಿವಾಹ ಕಾಯ್ದೆ ಇದೆ. ಅಲ್ಲಿ ನೋಟಿಸ್ ಕೊಟ್ಟು 30 ದಿನ ಕಾಯಬೇಕು, ನೋಟಿಸ್ ಕೊಟ್ಟ ಮೂರು ತಿಂಗಳೊಳಗೆ ಮದುವೆ ಮುಗಿಯಬೇಕು, ಮೂವರು ಸಾಕ್ಷಿಗಳು ಬೇಕು. ಛತ್ರದ ತಾರೀಖು ಗೊತ್ತುಮಾಡುವ ಮೊದಲೇ ಈ ದಿನಗಳನ್ನು ಎಣಿಸಿಕೊಳ್ಳುವುದು ಜಾಣತನ.

ಇನ್ನು ಎಲೆ ಲೆಕ್ಕ.

ಅಡುಗೆ ಭಟ್ಟರು ಕೇಳುವ ಮೊದಲ ಪ್ರಶ್ನೆ ‘ಎಷ್ಟು ಎಲೆ?’ ಎಂಬುದೇ. ಮದುವೆಯ ಬಹುತೇಕ ನಿರ್ಧಾರಗಳು ಈ ಒಂದು ಸಂಖ್ಯೆಯಿಂದ ಹುಟ್ಟುತ್ತವೆ. ಛತ್ರ ಎಷ್ಟು ದೊಡ್ಡದಿರಬೇಕು, ತಾಂಬೂಲದ ಚೀಲ ಎಷ್ಟು, ಪತ್ರಿಕೆ ಎಷ್ಟು ಎಲ್ಲವೂ ಇದರ ಮೇಲೆ ನಿಂತಿವೆ. ಎಲೆಗೆ 350 ರೂಪಾಯಿ ಎಂದು ಸುಮ್ಮನೆ ಹಿಡಿದುಕೊಳ್ಳಿ. ಸಾವಿರ ಎಲೆಗೆ ಮೂರೂವರೆ ಲಕ್ಷ. ಸಂಜೆಯದೊಂದು, ಮಧ್ಯಾಹ್ನದ್ದೊಂದು ಎಂದರೆ ಏಳು ಲಕ್ಷ. ಬೆಳಗಿನ ತಿಂಡಿ ಇನ್ನೂ ಲೆಕ್ಕಕ್ಕೆ ಬಂದಿಲ್ಲ. ಆದರೂ ಬಹಳ ಮನೆಗಳಲ್ಲಿ ಛತ್ರಕ್ಕೆ ಮುಂಗಡ ಕೊಟ್ಟು ಬಂದ ಮೇಲೆ ‘ನಿಮ್ಮ ಕಡೆ ಎಷ್ಟು ಜನ ಬರ್ತೀರಿ?’ ಎಂದು ಬೀಗರನ್ನು ಕೇಳುತ್ತಾರೆ. ‘ನೂರೈವತ್ತು’ ಎಂದವರು ನಾನೂರು ಜನ ಬಂದಾಗ ಮೂರನೇ ಪಂಕ್ತಿಗೆ ಪಾಯಸ ಮುಗಿದಿರುತ್ತದೆ. ಆ ಪಾಯಸದ ಮಾತು ಹತ್ತು ವರ್ಷ ಉಳಿಯುತ್ತದೆ.

ಹಾಗೆಂದು ಹೆಚ್ಚು ಬೇಯಿಸಿದರೆ ನಷ್ಟ ಬೇರೆ ರೀತಿಯದು. ಬೆಂಗಳೂರಿನ ಕೃಷಿ ವಿಶ್ವವಿದ್ಯಾಲಯದ ತಂಡ 2012ರಲ್ಲಿ ನಗರದ 75 ಕಲ್ಯಾಣ ಮಂಟಪಗಳನ್ನು ಅಧ್ಯಯನ ಮಾಡಿ, ಬೆಂಗಳೂರಿನ ಮದುವೆಗಳಲ್ಲಿ ವರ್ಷಕ್ಕೆ 943 ಟನ್ ಒಳ್ಳೆಯ ಆಹಾರ ವ್ಯರ್ಥವಾಗುತ್ತಿದೆ ಎಂದು ಅಂದಾಜಿಸಿತು. ಎಲೆಯ ತುದಿಯಲ್ಲಿ ಬಡಿಸಿ ಯಾರೂ ಮುಟ್ಟದ ಎರಡನೆಯ ಸಿಹಿ, ಮೂರನೆಯ ಪಲ್ಯ ಎಲ್ಲ ಈ ಟನ್ನುಗಳಲ್ಲಿವೆ. ‘ಕಡಿಮೆ ಮಾಡಿದರೆ ಜನ ಏನಂದುಕೊಂಡಾರು’ ಎಂಬ ಅಂಜಿಕೆ ಎರಡೂ ಕಡೆಯವರಿಗೆ ಇರುತ್ತದೆ. ಒಬ್ಬರೇ ಕಡಿಮೆ ಮಾಡಿದರೆ ಜಿಪುಣರೆಂಬ ಹೆಸರು. ಎರಡೂ ಕಡೆಯವರು ಕೂತು ಎಲೆಯ ಮೇಲೇನಿರಬೇಕು ಎಂದು ಜೊತೆಯಾಗಿ ಗೊತ್ತುಮಾಡಿದರೆ ಆ ಹೆಸರು ಯಾರಿಗೂ ಅಂಟದು.

ಸದ್ದಿನ ವಿಷಯದಲ್ಲೂ ಬಯಕೆಗಳು ಬೇರೆ ಬೇರೆ. ಹಿರಿಯರಿಗೆ ವಾಲಗ ಬೇಕು, ಹುಡುಗರಿಗೆ ಡಿಜೆ ಬೇಕು. ಕರಾವಳಿಯಲ್ಲಿ ಮದುವೆಯ ಹಿಂದಿನ ಮೆಹಂದಿ ರಾತ್ರಿ ಈಗ ಮದುವೆಯಷ್ಟೇ ದೊಡ್ಡದು. ಈ ಚರ್ಚೆಯಲ್ಲಿ ಒಂದು ಗೆರೆಯನ್ನು ಮಾತ್ರ ಯಾರೂ ದಾಟುವಂತಿಲ್ಲ: 2000ದ ಶಬ್ದಮಾಲಿನ್ಯ ನಿಯಮಗಳಂತೆ ರಾತ್ರಿ 10ರಿಂದ ಬೆಳಿಗ್ಗೆ 6ರವರೆಗೆ ಬಯಲಲ್ಲಿ ಧ್ವನಿವರ್ಧಕ ಹಾಕುವಂತಿಲ್ಲ. ಸಂಜೆ ಏಳಕ್ಕೇ ಶುರುವಾಗಿ ಹತ್ತಕ್ಕೆ ನಿಲ್ಲುವ ಹಾಡು ಕುಣಿತಕ್ಕೆ ಅಜ್ಜಿಯೂ ಬಂದು ಕೂರಬಲ್ಲಳು.

ಖರ್ಚಿನ ಮಾತಿಗಿಂತ ಆಳಕ್ಕೆ ಚುಚ್ಚುವ ಸಂಗತಿಯೂ ಒಂದಿದೆ. ತಂದೆ ಇಲ್ಲದ ಹುಡುಗಿಯ ಮದುವೆಯಲ್ಲಿ ಧಾರೆ ಎರೆಯುವವರು ಯಾರು? ಚಿಕ್ಕಪ್ಪ ಚಿಕ್ಕಮ್ಮನೋ ಸೋದರಮಾವ ಅತ್ತೆಯೋ ದಂಪತಿಯಾಗಿ ಕೂರುವುದು ರೂಢಿ. ಹೊಲ ಗೇಯ್ದೋ ಬಟ್ಟೆ ಹೊಲಿದೋ ಮಗಳನ್ನು ಒಬ್ಬಳೇ ಓದಿಸಿದ ತಾಯಿ ಕಂಬದ ಮರೆಯಲ್ಲಿ ನಿಂತು ಕಣ್ಣೊರೆಸಿಕೊಳ್ಳುತ್ತಾಳೆ. ಈಗೀಗ ‘ನಮ್ಮಮ್ಮನೇ ಧಾರೆ ಎರೀಬೇಕು’ ಎಂದು ಪಟ್ಟು ಹಿಡಿಯುವ ಹೆಣ್ಣುಮಕ್ಕಳಿದ್ದಾರೆ, ಒಪ್ಪುವ ಪುರೋಹಿತರೂ ಇದ್ದಾರೆ. ಇಂಥದ್ದನ್ನು ಮುಹೂರ್ತದ ಹೊತ್ತಿಗೆ ಎತ್ತಿದರೆ ಮಂಟಪದಲ್ಲೇ ಗಲಾಟೆ. ಎರಡು ತಿಂಗಳು ಮುಂಚೆ ಪುರೋಹಿತರೊಡನೆ, ಬೀಗರ ಹಿರಿಯರೊಡನೆ ಮಾತಾಡಿದರೆ ಬಹುಪಾಲು ಮನೆಗಳಲ್ಲಿ ದಾರಿ ಸಿಗುತ್ತದೆ. ಕನ್ಯಾದಾನ ಬೇಡ ಎನ್ನುವ ವಧುವಿಗೂ, ಕಾಲು ತೊಳೆಸಿಕೊಳ್ಳುವುದು ಬೇಡ ಎನ್ನುವ ವರನಿಗೂ ಇದೇ ಮಾತು ಅನ್ವಯಿಸುತ್ತದೆ. ಮನಸ್ಸಿನಲ್ಲಿರುವುದನ್ನು ಮೊದಲೇ, ಹಿರಿಯರೆದುರು, ಮೆಲ್ಲಗೆ ಹೇಳಬೇಕು. ವಿದೇಶದಿಂದ ಮೂರು ವಾರದ ರಜೆ ಹಾಕಿ ಬರುವ ಕನ್ನಡದ ಹುಡುಗ ಹುಡುಗಿಯರಿಗಂತೂ ಬಂದಿಳಿದ ಮೇಲೆ ಮಾತಾಡಲು ಪುರುಸೊತ್ತೇ ಸಿಗದು.

ಇದಕ್ಕೆಲ್ಲ ಬೇಕಾದ ಸಾಧನ ನಮ್ಮಲ್ಲೇ ಇದೆ. ಉತ್ತರ ಕರ್ನಾಟಕದಲ್ಲಿ ಮದುವೆ ಗೊತ್ತಾದಾಗ ಹಿರಿಯರು ಕೂತು ‘ಯಾದಿ’ ಬರೆಯುತ್ತಾರೆ. ಯಾರು ಏನು ತರಬೇಕು, ಯಾವ ಖರ್ಚು ಯಾರದು ಎಂಬ ಪಟ್ಟಿ ಅದು. ಆ ಯಾದಿಯ ದಿನವೇ ಮದುವೆ ಮುಗಿಸಿಬಿಡುವ ‘ಯಾದಿ ಮೇ ಶಾದಿ’ಯೂ ಅಲ್ಲಿ ಹೆಸರುವಾಸಿ. ಬಾಯಿಮಾತು ಮರೆತುಹೋಗುತ್ತದೆ, ತಿರುಚಿಕೊಳ್ಳುತ್ತದೆ, ಬರೆದದ್ದು ಉಳಿಯುತ್ತದೆ. ಯಾದಿಯ ಗುಣ ಅದು. ಅದರ ದೋಷವನ್ನೂ ಮುಚ್ಚಿಡಬಾರದು: ಇಷ್ಟು ತೊಲ ಬಂಗಾರ, ಇಂಥ ಗಾಡಿ ಎಂಬ ಬೇಡಿಕೆ ಅದೇ ಕಾಗದದಲ್ಲಿ ನುಸುಳಿದೆ. ಅದಕ್ಕೆ ವರೋಪಚಾರ ಎಂದು ಹೆಸರಿಟ್ಟರೂ ಅದು ವರದಕ್ಷಿಣೆಯೇ. 1961ರ ವರದಕ್ಷಿಣೆ ನಿಷೇಧ ಕಾಯ್ದೆಯಡಿ ಕೊಡುವುದೂ ಅಪರಾಧ, ತೆಗೆದುಕೊಳ್ಳುವುದೂ ಅಪರಾಧ. ಸಾಮಾನ್ಯವಾಗಿ ಕನಿಷ್ಠ ಐದು ವರ್ಷ ಜೈಲು. ಇದೇ ಕಾಯ್ದೆಯ 1985ರ ನಿಯಮಗಳು ಇನ್ನೊಂದು ಬಗೆಯ ಯಾದಿಯನ್ನು ಕೇಳುತ್ತವೆ: ಯಾರೂ ಬೇಡದೆ ಪ್ರೀತಿಯಿಂದ ಬಂದ ಉಡುಗೊರೆಗಳ ಪಟ್ಟಿ. ಕೊಟ್ಟವರ ಹೆಸರು, ಸಂಬಂಧ, ವಸ್ತುವಿನ ಅಂದಾಜು ಬೆಲೆ ಬರೆದು ವಧೂವರರಿಬ್ಬರೂ ಸಹಿ ಹಾಕಬೇಕು. ಮುಯ್ಯಿ ಬರೆದುಕೊಳ್ಳುವ ಪುಸ್ತಕ ಪ್ರತಿ ಛತ್ರದ ಬಾಗಿಲಲ್ಲಿ ಇರುವಾಗ ಈ ಪಟ್ಟಿಯೇನೂ ಕಷ್ಟದ ಕೆಲಸವಲ್ಲ.

ಹಳೆಯ ಯಾದಿಯಿಂದ ಬೇಡಿಕೆಯನ್ನು ತೆಗೆದುಹಾಕಿ, ನಿರ್ಧಾರಗಳನ್ನು ತುಂಬಿದರೆ ಇಂದಿನ ಮದುವೆಮನೆಗೆ ಬೇಕಾದದ್ದು ಸಿಗುತ್ತದೆ. ಮೊದಲ ಸಾಲಿನಲ್ಲಿ ಒಟ್ಟು ಎಲೆ, ಅದರಲ್ಲಿ ಪ್ರತಿ ಕಡೆಗೆ ಎಷ್ಟು. ಎರಡನೆಯದರಲ್ಲಿ ಒಟ್ಟು ಖರ್ಚಿನ ಮಿತಿ, ಅದನ್ನು ಹಂಚಿಕೊಳ್ಳುವ ಬಗೆ. ಅನಂತರ ಬಿಡಲಾಗದ ಶಾಸ್ತ್ರಗಳು: ಪ್ರತಿ ಕಡೆಯವರು ಮೂರೋ ನಾಲ್ಕೋ ಹೇಳಲಿ, ಉಳಿದವು ಹೊತ್ತು ಸಿಕ್ಕರೆ ಮಾತ್ರ. ಕೊನೆಯಲ್ಲಿ ಯಾವ ವಿಷಯಕ್ಕೆ ಯಾರ ಮಾತು ಅಂತಿಮ ಎಂಬುದು. ಸೀರೆ ವಧುವಿನ ಇಷ್ಟ, ಮುಹೂರ್ತ ಹಿರಿಯರದು, ಅಡುಗೆಯ ಪಟ್ಟಿ ಎರಡೂ ಕಡೆಯ ಒಬ್ಬೊಬ್ಬರದು ಎಂದು ಹೆಸರು ಬರೆದಿಟ್ಟರೆ ಪ್ರತಿ ಚಿಕ್ಕ ವಿಷಯಕ್ಕೂ ಇಪ್ಪತ್ತು ಜನ ವಾಟ್ಸ್ಆ್ಯಪ್‌ನಲ್ಲಿ ಕಾದಾಡಬೇಕಿಲ್ಲ.

ಸರಳವಾಗಿ ಮದುವೆಯಾದರೆ ಮರ್ಯಾದೆ ಹೋಗುತ್ತದೆ ಎನ್ನುವವರಿಗೆ ಕನ್ನಡನಾಡಿನಲ್ಲೇ ದೊಡ್ಡ ಉತ್ತರಗಳಿವೆ. ಕುವೆಂಪು ‘ಮಂತ್ರಮಾಂಗಲ್ಯ’ವನ್ನು ರೂಪಿಸಿ, 1966ರಲ್ಲಿ ತಮ್ಮ ಮಗ ಪೂರ್ಣಚಂದ್ರ ತೇಜಸ್ವಿಯವರ ಮದುವೆಯನ್ನೇ ಆ ರೀತಿಯಲ್ಲಿ ನಡೆಸಿದರು. ಆಡಂಬರವಿಲ್ಲ, ಪುರೋಹಿತರಿಲ್ಲ, ವರದಕ್ಷಿಣೆಯಿಲ್ಲ; ಹಿರಿಯರ ಎದುರು ವಧೂವರರ ಸಂಕಲ್ಪ. ಇಂದಿಗೂ ಅದೇ ಬಗೆಯಲ್ಲಿ ಮದುವೆಯಾಗುವ ಜೋಡಿಗಳಿದ್ದಾರೆ. ಧರ್ಮಸ್ಥಳದಲ್ಲಿ 1972ರಿಂದ ಉಚಿತ ಸಾಮೂಹಿಕ ವಿವಾಹ ನಡೆದುಬಂದಿದೆ. ಮುಜರಾಯಿ ಇಲಾಖೆ 2020ರ ಹೊತ್ತಿಗೆ ರೂಪಿಸಿದ ‘ಸಪ್ತಪದಿ’ ಯೋಜನೆಯಲ್ಲಿ ವಧುವಿಗೆ 8 ಗ್ರಾಂ ಚಿನ್ನದ ಮಾಂಗಲ್ಯ ಮತ್ತು 10,000 ರೂಪಾಯಿ, ವರನಿಗೆ 5,000 ರೂಪಾಯಿ ಗೊತ್ತುಮಾಡಲಾಗಿತ್ತು. ಎಲ್ಲರೂ ಇದೇ ದಾರಿ ಹಿಡಿಯಬೇಕಿಲ್ಲ. ದಾರಿ ಒಂದೇ ಅಲ್ಲ ಎಂಬುದು ತಿಳಿದಿದ್ದರೆ ಸಾಲ ಮಾಡಿ ಸಾವಿರ ಎಲೆ ಹಾಕಬೇಕೆಂಬ ಒತ್ತಡ ಇಳಿಯುತ್ತದೆ.

ಮುಂದಿನ ಮುಹೂರ್ತಗಳಿಗೆ ಮದುವೆ ಗೊತ್ತಾಗಿರುವ ಮನೆಯವರಲ್ಲಿ ಒಂದು ವಿನಂತಿ. ಛತ್ರಕ್ಕೆ ಮುಂಗಡ ಕೊಡುವ ಮೊದಲು ಒಂದು ಸಂಜೆ ಎರಡೂ ಕಡೆಯವರು ಕೂತು ಆ ಯಾದಿ ಬರೆಯಿರಿ. ಮೊದಲು ಮಗಳನ್ನು, ಮಗನನ್ನು ಬಾಯಿಬಿಟ್ಟು ಕೇಳಿ. ಆಮೇಲೆ ಅಜ್ಜಿಯನ್ನು ಕೇಳಿ. ಬರೆದದ್ದರ ಒಂದೊಂದು ಪ್ರತಿ ಎರಡೂ ಮನೆಯಲ್ಲಿರಲಿ, ಮದುವೆ ಮುಗಿದ ವಾರದೊಳಗೆ ಉಪನೋಂದಣಾಧಿಕಾರಿ ಕಚೇರಿಗೆ ಹೋಗಿ ಮದುವೆ ನೋಂದಾಯಿಸುವ ಸಾಲೂ ಅದರಲ್ಲಿರಲಿ.